ಬರೀರಾ ಎಂದು ಕರೆಯದವನು

"ಈ ಹೆಸರು ತೆಗೆಯಬೇಕು."

ತಿಂಗಳುಗಟ್ಟಲೆ ಕಾದು, ಕೊನೆಗೂ ಕಣ್ಣೆದುರು ಬಂದು ನಿಂತ ಗಂಡನ ಬಾಯಿಂದ ಬಿದ್ದ ಮೊದಲ ಮಾತು ಅದು.

ಶಿಬಿಲಾ ಮಗುವನ್ನು ಎತ್ತಿ ಅವನ ಕಡೆಗೆ ಚಾಚಿದ್ದಳು. ಚಾಚಿದ ಕೈ ಹಾಗೆಯೇ ನಿಂತಿತು.

ಉನೈಸ್ ಬಜ್ಪೆ ವಿಮಾನ ನಿಲ್ದಾಣದಿಂದ ಕುಂಬಳೆಯ ತನ್ನ ಮನೆಗೂ ಹೋಗದೆ, ಸೀದಾ ಪುತ್ತಿಗೆಗೆ, ಹೆಂಡತಿಯ ತವರಿಗೆ ಬಂದಿದ್ದ. ಶಾರ್ಜಾದಲ್ಲಿ ಅವನಿದ್ದದ್ದು ಅತ್ತರಿನ ಅಂಗಡಿಯಲ್ಲಿ. ಆ ಪರಿಮಳ ಅವನಿಗಿಂತ ಮೊದಲೇ ಒಳಗೆ ಬಂದಿತ್ತು. ಹಿಂದೆ ಅಂಗಳದಲ್ಲಿ ಟ್ಯಾಕ್ಸಿಯಿಂದ ಪೆಟ್ಟಿಗೆಗಳು ಇಳಿಯುತ್ತಿದ್ದವು.

ಅವನು ಮಗುವಿನ ಮುಖ ನೋಡಿದ. ಆದರೆ ಕೈ ಮುಂದೆ ಬರಲಿಲ್ಲ.

"ಮೊದಲು ಎತ್ತಿಕೊಳ್ಳಿ. ನಿಮ್ಮದೇ ಮಗು."

"ಬರೀರಾ ಅಂತ ಹೆಸರಿರುವವರೆಗೆ ನಾನು ಎತ್ತುವುದಿಲ್ಲ."

"ಆ ಹೆಸರಿಗೆ ಎಂತ ಆಗಿದೆ?"

"ಎಂತ ಆಗಿದೆ ಅಂತ ನಿನಗೆ ಗೊತ್ತುಂಟು. ಊರಿಡೀ ನನ್ನನ್ನು ನೋಡಿ ನಗಲಿ ಅಂತಲೇ ಇಟ್ಟದ್ದು. ಮಗಳ ಹೆಸರಿನಲ್ಲಿ ನನಗೆ ತಲಾಖ್ ಕೊಟ್ಟಿದ್ದೀ."

ಶಿಬಿಲಾ ಮಗುವನ್ನು ಎದೆಗೆ ಒತ್ತಿಕೊಂಡು ಒಳಗೆ ಹೋದಳು. ಆ ಹೆಸರಿನ ಹಿಂದೆ ಒಂದು ಕಾರಣವಿತ್ತು. ಅದನ್ನು ಅವಳು ಫೋನಿನಲ್ಲಿ ಹೇಳಿರಲಿಲ್ಲ. ಅವನು ಬಂದಾಗ, ಮಗು ಅವನ ಮಡಿಲಲ್ಲಿದ್ದಾಗ, ಮುಖ ನೋಡಿ ಹೇಳಬೇಕೆಂದು ಸಿಹಿತಿಂಡಿಯ ಹಾಗೆ ಮುಚ್ಚಿಟ್ಟಿದ್ದಳು.

ಇನ್ನು ಹೇಳುವುದಿಲ್ಲ... 'ಯಾಕೆ' ಅಂತ ಒಂದು ಸಲ ಕೇಳದವನಿಗೆ ನಾನಾಗಿ ಯಾಕೆ ಹೇಳಬೇಕು?

*

ಬರೀರಾಳ ಕಥೆಯನ್ನು ಶಿಬಿಲಾ ಕೇಳಿದ್ದು ಉಮ್ಮಮ್ಮನ ಬಾಯಿಂದ. ಅಜ್ಜಿ ಹವ್ವಮ್ಮನಿಗೆ ಓದು ಬರೆಹ ಬಾರದು, ಆದರೆ ಕಥೆಗಳಿಗೆ ಕೊನೆಯಿಲ್ಲ. ಎಲ್ಲ ಕಥೆಗಳಿಗಿಂತ ಶಿಬಿಲಾಳಿಗೆ ಬೇಕಾಗಿದ್ದದ್ದು ಒಂದೇ, ಮದೀನದ ಓಣಿಯಲ್ಲಿ ಅಳುತ್ತಾ ನಡೆದವನ ಕಥೆ.

ಬರೀರಾ ಗುಲಾಮಳಾಗಿದ್ದಳು. ಅವಳ ಗಂಡ ಮುಗೀಸ್ ಕೂಡ ಗುಲಾಮ. ಒಂದು ದಿನ ಪ್ರವಾದಿಯವರ ಪತ್ನಿ ಆಯಿಶಾ ಬೀವಿ ಅವಳನ್ನು ಬಿಡುಗಡೆ ಮಾಡಿದರು. ಬಿಡುಗಡೆಯಾದ ಹೆಣ್ಣಿಗೆ ಒಂದು ಹಕ್ಕು ಬಂತು, ಹಳೆಯ ಗಂಡನ ಜೊತೆ ಇರಬಹುದು, ಬೇಡವೆಂದರೆ ಬಿಡಬಹುದು. ಬರೀರಾ ಬೇಡ ಎಂದಳು. ಮುಗೀಸ್ ಓಣಿ ಓಣಿಯಲ್ಲಿ ಅವಳ ಹಿಂದೆ ಅಳುತ್ತಾ ನಡೆದ, ಕಣ್ಣೀರು ಗಡ್ಡದ ಮೇಲೆ ಇಳಿಯುತ್ತಿತ್ತು. ನೋಡಲಾರದೆ ಪ್ರವಾದಿ ಮುತ್ತು ನಬಿಯೇ ಅವಳಲ್ಲಿ ಕೇಳಿದರು, ಅವನ ಹತ್ತಿರ ಹಿಂದೆ ಹೋಗಬಾರದೇ ಎಂದು.

ಇದು ಅಪ್ಪಣೆಯೇ ಎಂದು ಕೇಳಿದಳು ಬರೀರಾ. ಅಲ್ಲ, ಶಿಫಾರಸು ಮಾತ್ರ ಎಂದರು ನಬಿ.

ಹಾಗಾದರೆ ನನಗೆ ಅವನು ಬೇಡ ಎಂದಳು. ಯಾರೂ ಅವಳನ್ನು ಒತ್ತಾಯಿಸಲಿಲ್ಲ.

ಹೆಸರಿನ ಅರ್ಥವನ್ನು ಮದ್ರಸದ ಉಸ್ತಾದರು ಹೇಳಿದ್ದರು. ಒಳಿತಿನ ದಾರಿ ಬಿಡದವಳು, ಭಕ್ತಿಯುಳ್ಳವಳು. ಹಲ್ಲುಜ್ಜುವ ಮಿಸ್ವಾಕ್ ಕಡ್ಡಿ ಕೊಡುವ ಮರದ ಹಣ್ಣಿಗೂ ಅರಬಿಯಲ್ಲಿ ಹತ್ತಿರದ ಹೆಸರುಂಟಂತೆ. ಅಷ್ಟು ಹೊತ್ತು ಒಂದು ಹೆಸರಿನ ಬಗ್ಗೆ ಮಾತಾಡಬಹುದೆಂದು ಶಿಬಿಲಾಳಿಗೆ ಗೊತ್ತಾದದ್ದು ಆಗಲೇ. ಶಿಬಿಲಾ ಎಂಬ ಹೆಸರನ್ನು ಅವಳ ತಂದೆ, ಉಪ್ಪ ಅಬ್ದುಲ್ ಹಮೀದರು, ಗಲ್ಫಿನ ಸ್ನೇಹಿತರ ಮಗಳ ಹೆಸರು ಚಂದ ಕೇಳಿಸಿತೆಂದು ಇಟ್ಟದ್ದು. ಅರ್ಥ ಕೇಳಿದರೆ ಅವರು ಕನ್ನಡಕ ಒರೆಸುತ್ತಿದ್ದರು.

ನನ್ನ ಮಗಳಿಗೆ ಹಿಂದೆ ಒಬ್ಬ ಹೆಣ್ಣಿನ ಕಥೆ ಇರುವ ಹೆಸರು ಇಡಬೇಕು... ಎಂದು ಅಂದೇ ಅಂದುಕೊಂಡಿದ್ದಳು.

ಹೆಸರು ನಾನು ಇಡಲಾ ಎಂದು ಬಸುರಿನಲ್ಲಿ ಗಂಡನನ್ನು ಕೇಳಿದಾಗ, ನಿನಗೆ ಇಷ್ಟ ಬಂದದ್ದು ಇಡು ಎಂದಿದ್ದ ಉನೈಸ್. ಏಳನೇ ದಿನ ಮಗುವಿನ ಕೂದಲು ತೆಗೆದು, ತಂದೆ ಊರಲ್ಲಿಲ್ಲದ್ದರಿಂದ ಅಬ್ದುಲ್ ಹಮೀದರೇ ಕಿವಿಯಲ್ಲಿ ಹೆಸರು ಹೇಳಿದರು. ಅಲ್ಲಿಗೆ ಯುದ್ಧ ಶುರುವಾಯಿತು.

ಉನೈಸನ ಅಕ್ಕ ರಂಶೀನಾ, ಶಿಬಿಲಾ ಅವಳನ್ನು ಕರೆಯುವುದು ಇತ್ತಾ ಎಂದು. ಅವಳ ಮಗಳು ಹಂಶೀನಾ. ಹಾಗಾಗಿ ಈ ಮಗು ರಿಂಶೀನಾ ಆಗಬೇಕೆಂದು ಕುಂಬಳೆಯ ಮನೆಯಲ್ಲಿ ಎಂದೋ ತೀರ್ಮಾನವಾಗಿತ್ತು. ಶಿಬಿಲಾಳಲ್ಲಿ ಕೇಳಬೇಕೆಂದು ಯಾರಿಗೂ ತೋರಿರಲಿಲ್ಲ.

*

ಉನೈಸನ ಸಿಟ್ಟಿಗೆ ಬೇರೆಯೇ ಬೇರು ಇತ್ತು. ಅದು ಅವನಿಗೆ ಮಾತ್ರ ಗೊತ್ತು... ಮತ್ತೆ ಚಿಕ್ಕಪ್ಪನ ಮಗ ನೌಷಾದನಿಗೆ, ಅವನಿಂದ ಶಾರ್ಜಾದ ರೂಮಿನವರಿಗೆ.

ಗರ್ಭಿಣಿ ಹೆಂಡತಿಯನ್ನು ಬಿಟ್ಟು ಶಾರ್ಜಾಕ್ಕೆ ಹೊರಟ ದಿನ, ಅವಳೆದುರು ನಗುತ್ತಾ ಕೈಬೀಸಿ ವಿಮಾನ ನಿಲ್ದಾಣದೊಳಗೆ ಹೋದವನು, ಒಂದು ಕಂಬದ ಹಿಂದೆ ನಿಂತು ಅತ್ತಿದ್ದ. ಜೊತೆಗೆ ಹೊರಟಿದ್ದ ನೌಷಾದ್ ನೋಡಿಬಿಟ್ಟ. ಶಾರ್ಜಾದ ರೂಮಿನಲ್ಲಿ ಅವನಿಗೆ ಟ್ಯಾಂಕರ್ ಅಂತ ಹೆಸರು ಬಿತ್ತು. ನಲ್ಲಿಯಲ್ಲಿ ನೀರು ನಿಂತರೆ, ಟ್ಯಾಂಕರ್ ಇದ್ದಾನಲ್ಲ, ಹೆಂಡತಿಯ ಫೋಟೋ ತೋರಿಸಿ ಎನ್ನುತ್ತಿದ್ದರು.

ಅಂದು ಫೋನಿನಲ್ಲಿ, ಸ್ವರ ಯಾಕೆ ಹೀಗುಂಟು ಎಂದು ಶಿಬಿಲಾ ಕೇಳಿದಾಗ, ಎಸಿಯಿಂದ ಶೀತವಾಯಿತೆಂದು ಹೇಳಿ ತಪ್ಪಿಸಿಕೊಂಡಿದ್ದ.

ಹೆಸರಿಟ್ಟ ಸುದ್ದಿ ಮುಟ್ಟಿದಾಗ ರಂಶೀನಾ ತಮ್ಮನಿಗೆ ಕಥೆ ಬಿಡಿಸಿ ಹೇಳಿದಳು. ಗಂಡನನ್ನು ಒದ್ದು ಹೋದವಳ ಹೆಸರು ಮಾರಾಯ, ನೀನು ಅಳುಬುರುಕ ಅಂತ ಊರಿಗೆ ಸಾರಿದ್ದಾಳೆ ಎಂದಳು. ನೌಷಾದ್ ರೂಮಿನಲ್ಲಿ ಬಿದ್ದು ಬಿದ್ದು ನಕ್ಕ.

ಅವಳಿಗೂ ಯಾರೋ ಹೇಳಿದ್ದಾರೆ... ಅವಳೂ ನಕ್ಕಿದ್ದಾಳೆ... ಎಂದು ಉನೈಸನ ಎದೆಯಲ್ಲಿ ಮುಳ್ಳು ಕೂತಿತು.

*

ಮಗು ಹುಟ್ಟಿದ ಮೇಲೆ ಅಳಿಯ ಮೊದಲ ಸಲ ಬಂದರೆ ಅತ್ತೆಮನೆಯಲ್ಲಿ ಹಬ್ಬ. ಅವನು ಪುದಿಯಾಪ್ಳೆ, ಮದುಮಗ. ಎಷ್ಟು ವರ್ಷವಾದರೂ ಆ ಮನೆಗೆ ಅವನು ಮದುಮಗನೇ. ಶಿಬಿಲಾಳ ಹೆತ್ತ ಉಮ್ಮ ತುಪ್ಪದನ್ನ ಮಾಡಿದರು, ಕೋಳಿ ಹುರಿದರು, ಮೊಟ್ಟೆಯ ಹಳದಿಯನ್ನು ಸಕ್ಕರೆ ಪಾಕದಲ್ಲಿ ನೂಲಿನ ಹಾಗೆ ಇಳಿಸಿ ಮುಟ್ಟಮಾಲ ಮಾಡಿದರು.

ಉನೈಸ್ ದಿನಾ ಮಧ್ಯಾಹ್ನ ಬಂದ. ಊಟಕ್ಕೆ ಕೂತ. ಒಂದು ಲೋಟ ನೀರು ಕುಡಿದ. ಎದ್ದು ಹೋದ.

ಅಳಿಯ ಅನ್ನ ಮುಟ್ಟದೆ ಎದ್ದರೆ ಅದಕ್ಕಿಂತ ದೊಡ್ಡ ಅವಮಾನ ಆ ಊರಿನಲ್ಲಿ ಇಲ್ಲ. ಅಬ್ದುಲ್ ಹಮೀದರು ಅಂಗಡಿಗೆ ಹೋಗುವುದನ್ನೇ ಬಿಟ್ಟರು. ಎಂತ ಹಮೀದಾಕ, ಪುದಿಯಾಪ್ಳೆಗೆ ನೋಂಬಿನ ಉಪವಾಸ ಉಂಟಾ ಎಂದು ಪೇಟೆಯಲ್ಲಿ ಕೇಳುವವರು ಇದ್ದರು.

ಒಂದು ದಿನ ಶಿಬಿಲಾಳೇ ಬಡಿಸಲು ಬಂದಳು.

"ಹೊಟ್ಟೆಯ ಮೇಲೆ ಯಾಕೆ ಸಿಟ್ಟು? ನನ್ನ ಮೇಲೆ ಇದ್ದರೆ ನನ್ನಲ್ಲಿ ಮಾತಾಡಿ."

"ಹೆಸರು ಬದಲಾಗ್ತದಾ?"

"ಇಲ್ಲ."

"ಹಾಗಾದರೆ ಮಾತೂ ಇಲ್ಲ."

ಅವಳು ನೀರಿನ ಲೋಟವನ್ನೂ ಎತ್ತಿಕೊಂಡು ಒಳಗೆ ಹೋದಳು. ಆ ದಿನ ಅವನಿಗೆ ನೀರೂ ಸಿಗಲಿಲ್ಲ.

ಮರುದಿನ ರಂಶೀನಾ ಬಂದಳು. ಮಗುವಿಗೆಂದು ತಂದ ಪುಟ್ಟ ತಲೆದಿಂಬಿನ ಮೇಲೆ ಗುಲಾಬಿ ನೂಲಿನಲ್ಲಿ ರಿಂಶೀನಾ ಎಂದು ಕಸೂತಿ ಮಾಡಿಸಿದ್ದಳು. ಮಗುವಿನ ತಲೆಯಡಿಗೆ ಅದನ್ನು ತಾನೇ ಇಟ್ಟಳು. ಶಿಬಿಲಾ ಬಗ್ಗಿ ಅದನ್ನು ಮಗುಚಿ ಹಾಕಿದಳು.

"ಇತ್ತಾ, ಈ ರಿಂಶೀನಾಕ್ಕೆ ಅರ್ಥ ಎಂತ?" ಗಂಡನ ಅಕ್ಕನನ್ನು ಅವಳು ಮೆಲ್ಲಗೇ ಕೇಳಿದಳು.

"ಅರ್ಥ ಯಾಕೆ ಮಾರಾಯ್ತಿ? ಹೆತ್ತದ್ದು ಮಗುವಾ, ಡಿಕ್ಷನರಿಯಾ?"

ಹೋಗುವಾಗ ರಂಶೀನಾ ಹೇಳಬೇಕಾದ್ದನ್ನು ಹೇಳಿಯೇ ಹೋದಳು. ಶುಕ್ರವಾರ ನಲ್ವತ್ತರ ಸ್ನಾನ. ಬಾಣಂತಿಯನ್ನೂ ಮಗುವನ್ನೂ ಕರೆದುಕೊಂಡು ಹೋಗಲು ಗಂಡನ ಕಡೆಯವರು ಬರುವ ದಿನ. ಮಗು ರಿಂಶೀನಾ ಆದರೆ ಬರುತ್ತಾರೆ. ಬರೀರಾ ಆಗಿಯೇ ಇದ್ದರೆ, ಅವಳು ತವರಿನಲ್ಲೇ ಇರಲಿ.

ಕರೆಯಲು ಯಾರೂ ಬಾರದ ಬಾಣಂತಿ... ಮತ್ತೆ ಅವಳನ್ನು ಯಾರೂ ಏನೂ ಕೇಳುವುದಿಲ್ಲ. ಗಂಡ ಬಿಟ್ಟವಳೆಂದು ಎಲ್ಲರಿಗೂ ಗೊತ್ತಾಗಿರುತ್ತದೆ.

ಆ ಸಂಜೆ ಉಮ್ಮ ಅತ್ತರು. ಒಂದು ಹೆಸರಿಗಾಗಿ ಮನೆ ಮುರಿಯುತ್ತೀಯಾ ಎಂದು ಕೇಳಿದರು. ಶಿಬಿಲಾ ಮಗುವಿನ ಬೆರಳುಗಳನ್ನು ನೋಡುತ್ತಾ ಕೂತಳು. ಅವಳೊಳಗೆ ಇದ್ದದ್ದು ಸಿಟ್ಟು. ಅದರ ಅಡಿಯಲ್ಲಿ, ಯಾರಿಗೂ ಕಾಣದ ಹಾಗೆ, ಅವನ ಅತ್ತರಿನ ಪರಿಮಳ ಬಂದ ಕೂಡಲೇ ಬಾಗಿಲಿಗೆ ಓಡುವ ಒಂದು ಮನಸ್ಸು.

*

ಶುಕ್ರವಾರ ಜುಮ್ಮಾ ನಮಾಜು ಮುಗಿದರೂ ಕುಂಬಳೆಯಿಂದ ಯಾವ ವಾಹನವೂ ಬರಲಿಲ್ಲ.

ಬಂದದ್ದು ಉನೈಸ್ ಒಬ್ಬನೇ, ಬೈಕಿನಲ್ಲಿ. ರಜೆ ಮುಗಿಯುವ ಮೊದಲೇ ಶಾರ್ಜಾಕ್ಕೆ ಹಿಂದೆ ಹೋಗುತ್ತೇನೆಂದು ಹೇಳಿ ಹೋಗಲು ಬಂದಿದ್ದ. ಶಿಬಿಲಾ ಸ್ನಾನಕ್ಕೆ ಹೋಗಿದ್ದಳು, ಉಮ್ಮ ಅವಳಿಗೆ ಕಾಯಿಸಿದ ನೀರು ಹೊಯ್ಯುತ್ತಿದ್ದರು. ಪಡಸಾಲೆಯಲ್ಲಿ ಹವ್ವಮ್ಮ ಮಾತ್ರ ಇದ್ದರು, ಬಟ್ಟೆಯ ತೊಟ್ಟಿಲಿನ ಹಗ್ಗ ಹಿಡಿದು.

"ಮೋನೇ, ಮಗನೇ, ಕೈ ಸೋತಿತು. ಸ್ವಲ್ಪ ತೂಗು."

"ನಾನು..."

"ಎತ್ತಬೇಡ. ಹೆಸರೂ ಕರೆಯಬೇಡ. ಹಗ್ಗಕ್ಕೆ ಹೆಸರಿಲ್ಲವಲ್ಲ, ಅದನ್ನು ಹಿಡಿ."

ಅವನು ಹಗ್ಗ ಹಿಡಿದ. ಬಟ್ಟೆಯ ಮಡಿಕೆಯೊಳಗೆ ಮಗಳ ಮುಷ್ಟಿಯೊಂದು ಕಂಡಿತು, ಮರೆಯಾಯಿತು, ಮತ್ತೆ ಕಂಡಿತು.

"ಆ ಕಥೆ ನಿನಗೆ ಗೊತ್ತುಂಟಂತೆ."

"ಗೊತ್ತುಂಟು. ಗಂಡನನ್ನು ಬಿಟ್ಟವಳ ಕಥೆ."

ಹವ್ವಮ್ಮ ವೀಳ್ಯದೆಲೆಯ ನಾರು ತೆಗೆಯುತ್ತಾ, ಈ ಮನೆಯಲ್ಲಿ ಅದನ್ನು ಹಾಗೆ ಹೇಳುವುದಿಲ್ಲ ಎಂದರು. ಇಲ್ಲಿ ಅದು ಮುಗೀಸನಿಂದ ಶುರುವಾಗುತ್ತದೆ. ಸಣ್ಣವಳಿದ್ದಾಗ ಶಿಬಿಲಾ ಕಥೆ ಮುಗಿದ ಮೇಲೆ ನಿದ್ದೆ ಮಾಡುತ್ತಿರಲಿಲ್ಲವಂತೆ. ಅವನು ಈಗ ಎಲ್ಲಿದ್ದಾನೆ, ಅವನಿಗೆ ಊಟ ಯಾರು ಕೊಡುತ್ತಾರೆ ಎಂದು ಕೇಳುತ್ತಿದ್ದಳಂತೆ. ಒಂದು ರಂಜಾನಿನಲ್ಲಿ ತನ್ನ ಪಾಲಿನ ಖರ್ಜೂರವನ್ನು ಅವನಿಗೆಂದು ಕಿಟಕಿಯಲ್ಲಿ ಇಟ್ಟಿದ್ದಳಂತೆ.

ತೊಟ್ಟಿಲು ನಿಂತಿತು.

"ನಗಲಿಲ್ಲವಾ ಅವಳು? ಅಷ್ಟು ಅತ್ತವನನ್ನು ನೋಡಿ?"

"ಮುತ್ತು ನಬಿ ನಗಲಿಲ್ಲ, ನನ್ನ ಮೊಮ್ಮಗಳು ನಗುವುದಾ? ಮೋನೇ, ಈ ಹೆಸರು ಬೇಡ ಅಂತ ನೀನು ಎಲ್ಲರಲ್ಲೂ ಹೇಳಿದೆ. ಯಾಕೆ ಇಟ್ಟೆ ಅಂತ ಅವಳಲ್ಲಿ ಕೇಳಿದ್ದುಂಟಾ?"

ಉನೈಸ್ ಕೈಯಲ್ಲಿದ್ದ ಹಗ್ಗವನ್ನು ನೋಡಿದ.

"ನನಗೂ ಹೇಳಲಿಲ್ಲ ಅವಳು. ನಿನಗೆ ಮಾತ್ರ ಹೇಳ್ಲಿಕ್ಕೆ ಅಂತ ಇಟ್ಟುಕೊಂಡಿದ್ದಾಳೆ. ತೂಗು, ಮಗು ಏಳ್ತದೆ."

*

ಶಿಬಿಲಾ ಒದ್ದೆ ಕೂದಲಿಗೆ ಬಟ್ಟೆ ಸುತ್ತಿ ಹೊರಗೆ ಬಂದಾಗ ಹವ್ವಮ್ಮ ಅಲ್ಲಿರಲಿಲ್ಲ. ಹಗ್ಗ ಅವನ ಕೈಯಲ್ಲಿತ್ತು.

"ಹೋಗ್ತೇನೆ ಅಂತ ಹೇಳ್ಲಿಕ್ಕೆ ಬಂದದ್ದಾ? ಹೇಳಿ, ಹೋಗಿ."

"ಒಂದು ಕೇಳ್ಲಿಕ್ಕುಂಟು."

"ಹೆಸರು ಬದಲಾಗುವುದಿಲ್ಲ."

"ಅದಲ್ಲ. ಯಾಕೆ ಇಟ್ಟದ್ದು?"

ಇಷ್ಟು ದಿನ ಕಾದ ಮಾತು.

"ಮೊದಲ ದಿನ ಕೇಳಬಹುದಿತ್ತು."

"ಕೇಳಲಿಲ್ಲ. ಈಗ ಕೇಳ್ತಾ ಇದ್ದೇನೆ."

ಅವಳು ತೊಟ್ಟಿಲಿನ ಆಚೆ ಬದಿಗೆ ಕೂತಳು. ಅವನ ಮುಖ ನೋಡಲಿಲ್ಲ.

"ನೀವು ಹೋದ ದಿನ ಬಾಳೆಕಾಯಿ ಉಪ್ಪೇರಿಯ ಪ್ಯಾಕೆಟ್ ಕಾರಿನಲ್ಲೇ ಬಿಟ್ಟಿರಿ. ಕೊಡುವ ಅಂತ ಓಡಿ ಬಂದೆ. ಒಳಗೆ ಬಿಡಲಿಲ್ಲ. ಗಾಜಿನ ಹೊರಗೆ ನಿಂತೆ. ಕಂಬದ ಹಿಂದೆ ನೀವು..."

ಉನೈಸನ ಕೈಯಲ್ಲಿ ಹಗ್ಗ ಬಿಗಿಯಾಯಿತು. "ನೋಡಿದೆಯಾ?"

"ನೋಡಿದೆ. ಸಣ್ಣಂದಿನಿಂದ ನಾನು ಮುಗೀಸನನ್ನು ಹುಡುಕ್ತಾ ಇದ್ದೆ. ಅವನು ಕುಂಬಳೆಯಲ್ಲಿ ಇದ್ದಾನೆ ಅಂತ ಅವತ್ತು ಗೊತ್ತಾಯಿತು. ಅಷ್ಟು ಪ್ರೀತಿ ಸಿಕ್ಕಿದ ಹೆಣ್ಣಿನ ಹೆಸರೇ ನನ್ನ ಮಗಳಿಗೆ ಇಡಬೇಕು ಅಂತ ಅಲ್ಲೇ, ಗಾಜಿನ ಹತ್ತಿರ ನಿಂತು ಎಣಿಸಿದೆ. ನೀವು ಅದನ್ನು ತಮಾಷೆ ಅಂದುಕೊಂಡಿರಿ."

"ಅವಳು ಅವನನ್ನು ಬಿಟ್ಟಳಲ್ಲ ಶಿಬಿಲಾ..." ಅವನ ಸ್ವರ ಒಡೆಯಿತು.

"ಅವಳಿಗೆ ಹಕ್ಕಿತ್ತು, ಬಿಟ್ಟಳು. ಇವಳಿಗೂ ಆ ಹಕ್ಕು ಇರಲಿ. ನನಗೂ ಉಂಟು. ನೀರಿನ ಲೋಟ ಮಾತ್ರ ತೆಗೆದುಕೊಂಡು ಹೋದದ್ದು ನಾನು. ನಿಮ್ಮನ್ನು ಬಿಡಲಿಲ್ಲ."

ಅವನು ತೊಟ್ಟಿಲನ್ನು ಮೆಲ್ಲಗೆ ತೂಗಿದ.

"ಮನೆಗೆ ಬಾ," ಎಂದ ಉನೈಸ್.

ಶಿಬಿಲಾ ಈಗ ಅವನ ಮುಖ ನೋಡಿದಳು. "ಇದು ಅಪ್ಪಣೆಯಾ?"

"ಅಲ್ಲ... ಶಿಫಾರಸು."

"ಅದಕ್ಕೆ ಬರೀರಾ ಎಂತ ಹೇಳಿದಳು, ಗೊತ್ತುಂಟಲ್ಲ?"

ಅವನು ಗೊತ್ತುಂಟು ಎನ್ನುವ ಹಾಗೆ ತಲೆಯಾಡಿಸಿದ.

"ನಾನು ಶಿಬಿಲಾ. ಮೊದಲು ಒಳಗೆ ಹೋಗಿ ಉಮ್ಮನ ಮುಟ್ಟಮಾಲ ತಿನ್ನಿ. ಮತ್ತೆ ಬರ್ತೇನೆ."

ಅವನು ಒಳಗೆ ಹೋಗಲಿಲ್ಲ. ಬಗ್ಗಿ, ಎರಡೂ ಕೈಯಿಂದ ಮಗಳನ್ನು ಎತ್ತಿಕೊಂಡ. ಎಲ್ಲಿ ಹಿಡಿಯಬೇಕೆಂದು ತಿಳಿಯಲಿಲ್ಲ. ಶಿಬಿಲಾ ಮಗುವಿನ ತಲೆಯಡಿಗೆ ಅವನ ಅಂಗೈ ಸರಿಸಿ ಕೊಟ್ಟಳು. ಏಳನೇ ದಿನ ಹೇಳಬೇಕಾಗಿದ್ದದ್ದನ್ನು ಅವನು ಆಗ, ಮಗುವಿನ ಬಲಗಿವಿಗೆ ತುಟಿ ತಾಗಿಸಿ ಹೇಳಿದ.

"ಬರೀರಾ..."

ಮಗು ಒಮ್ಮೆ ಮೂಗು ಸಿಂಡರಿಸಿತು.

"ರಂಶೀನಾ ಇತ್ತಾನಲ್ಲಿ ಎಂತ ಹೇಳ್ತೀರಿ?"

"ರಿಂಶೀನಾವನ್ನು ಎರಡನೆಯದಕ್ಕೆ ಇಡುವ ಅಂತ."

"ಕನಸು ಕಾಣಿ."

ಅವನು ನಕ್ಕ. ನಗುತ್ತಿದ್ದಂತೆಯೇ ಮುಖ ಆಚೆ ತಿರುಗಿಸಿದ. ಶಿಬಿಲಾ ಸುತ್ತಿ ಬಂದು ಎದುರು ನಿಂತಳು.

"ಎಂತ, ಎಸಿಯ ಶೀತವಾ?"

"ಅಲ್ಲ," ಎಂದ ಉನೈಸ್. ಎರಡೂ ಕೈಯಲ್ಲಿ ಮಗಳಿದ್ದುದರಿಂದ ಅವನಿಗೆ ಕಣ್ಣೊರೆಸಲು ಆಗಲಿಲ್ಲ. ಮುಖವನ್ನೂ ಮತ್ತೆ ತಿರುಗಿಸಲಿಲ್ಲ. "ಅಳ್ತಾ ಇದ್ದೇನೆ. ನೋಡು."

"ನೋಡ್ತಾ ಇದ್ದೇನೆ," ಎಂದಳು ಶಿಬಿಲಾ.