ಇನಿಶ್‌ಗ್ಲಾಸಿನ ಅಣ್ಣತಮ್ಮಂದಿರ ಕಲ್ಲು

"ನಾಳೆ ಬಿರುಗಾಳಿ ಬಂತು ಅಂದ್ರೆ ಆ ಕಲ್ಲು ಸಮುದ್ರದ ಪಾಲು. ಏನಾದ್ರೂ ಇವತ್ತೇ ಆಗ್ಬೇಕು," ಅಂದಳು ವೇದಾವತಿ, ಕಾರಿನ ಬಾಗಿಲಲ್ಲಿ ಕೂತು ಬೂಟಿನ ದಾರ ಬಿಗಿಯುತ್ತಾ. ಇದು ಅವಳ ಮೂರನೇ ಪ್ರಯತ್ನ. ಹಿಂದಿನ ಎರಡು ಸಲವೂ ಮಂಜು ಅವಳನ್ನು ಅರ್ಧ ದಾರಿಯಿಂದಲೇ ವಾಪಸು ಕಳಿಸಿತ್ತು.

ವೇದಾವತಿ ಮೈಸೂರಿನವಳು, ಐವತ್ತು ದಾಟಿದವಳು. ಐರ್ಲೆಂಡಿನ ಗಾಲ್ವೇ ವಿಶ್ವವಿದ್ಯಾಲಯದಲ್ಲಿ ಕೂತು, ಅಮೆರಿಕದ ಸೌತ್ ಕೆರೊಲಿನಾ ಇನ್ನೂ ಬ್ರಿಟಿಷರ ವಸಾಹತಾಗಿದ್ದಾಗ ಅಲ್ಲಿಗೆ ಜೀತಕ್ಕೆ ಹೋದ ಐರಿಷ್ ಜನರ ಕತೆ ಹುಡುಕುವುದು ಅವಳ ಕೆಲಸ. ಆ ಹುಡುಕಾಟದಲ್ಲೇ ಸಿಕ್ಕಿದ್ದು ಕೋಲ್ಮ್ ಕಿನ್ನೀವಿ ಎಂಬ ತೊಂಬತ್ತರ ಅಜ್ಜ. ಅವನ ವಂಶದ ಇಬ್ಬರು, ಪ್ಯಾಟ್ರಿಕ್ ಮತ್ತು ಮಾರ್ಟಿನ್, ಕೆರೊಲಿನಾದಲ್ಲಿ ಬಟ್ಟೆಗೆ ಬಣ್ಣ ಕೊಡುವ ನೀಲಿ ಗಿಡದ ತೋಟದಲ್ಲಿ ಬೆವರು ಹರಿಸಿದವರು. ಅಮೆರಿಕದ ಸ್ವಾತಂತ್ರ್ಯದ ಯುದ್ಧ ಶುರುವಾದಾಗ ಅಣ್ಣ ಪ್ಯಾಟ್ರಿಕ್ ದಂಗೆಯವರ ಕಡೆ ಸೇರಿದ, ತಮ್ಮ ಮಾರ್ಟಿನ್ ಬ್ರಿಟಿಷ್ ರಾಜನ ಸೈನ್ಯದ ಕೆಂಪು ಕೋಟು ತೊಟ್ಟ. ಊರಿಗೆ ಮರಳಿದ್ದು ತಮ್ಮ ಒಬ್ಬನೇ. ಸಂಬಳದಾಸೆಗೆ ಅಣ್ಣನನ್ನೇ ಕೊಂದು ಬಂದ ಅಂತ ಊರು ಮಾತಾಡಿಕೊಂಡಿತು. ಬೀದಿಗೊಬ್ಬ ಪ್ಯಾಟ್ರಿಕ್ ಇರುವ ಐರ್ಲೆಂಡಿನಲ್ಲಿ ಕಿನ್ನೀವಿಗಳ ಮನೆಯಲ್ಲಿ ಮಾತ್ರ ಆಮೇಲೆ ಯಾರಿಗೂ ಆ ಹೆಸರಿಡಲಿಲ್ಲ.

ಮಾರ್ಟಿನ್ ನೆಡಿಸಿದ ಕಲ್ಲೊಂದು ಇನಿಶ್‌ಗ್ಲಾಸ್ ದ್ವೀಪದ ಪಾಳು ಇಗರ್ಜಿಯಲ್ಲಿತ್ತು. ಅಕ್ಷರ ಸವೆದುಹೋಗಿ ಅದನ್ನು ಓದಿದವರೇ ಇರಲಿಲ್ಲ. "ಕಣ್ಣು ಮುಚ್ಚೋ ಮೊದ್ಲು ಅದ್ರಲ್ಲಿ ಏನಿದೆ ಅಂತ ನಂಗೆ ಗೊತ್ತಾಗ್ಬೇಕು," ಅಂದಿದ್ದ ಆಸ್ಪತ್ರೆಯ ಹಾಸಿಗೆಯಲ್ಲಿ ಮಲಗಿದ್ದ ಅಜ್ಜ. ಕಲ್ಲನ್ನು ಅಲುಗಿಸಬಾರದು, ಅಚ್ಚು ತೆಗೆಯಬಹುದು ಅಂತ ಅನುಮತಿಯೂ ಸಿಕ್ಕಿತ್ತು.

ಜೊತೆಗೆ ಇಬ್ಬರು ಹುಡುಗರು. ಮಂಗಳೂರಿನ ಜೋಯಲ್ ಗಾಲ್ವೇಯಲ್ಲೇ ಕೆಲಸಕ್ಕಿದ್ದ, ಕಡಲು ಬಲ್ಲವನು. ಲೀಕ್ಸ್‌ಲಿಪ್‌ ಊರಿನ ಕೆಲಸಕ್ಕೆ ರಜೆ ಹಾಕಿ ಬಂದ ಬೆಂಗಳೂರಿನ ಪ್ರಹ್ಲಾದ ಮಾತು ಬಲ್ಲವನು.

"ನೀರು ಇಳಿದುಂಟು, ಆದ್ರೆ ತುಂಬ ಹೊತ್ತಿಲ್ಲ ಅಕ್ಕ. ಬೇಗ ಹೋಗುವ," ಅಂದ ಜೋಯಲ್.

ಇಳಿತದ ಹೊತ್ತಿಗೆ ಮಾತ್ರ ದ್ವೀಪಕ್ಕೆ ಮರಳಿನ ದಾರಿ ತೆರೆದುಕೊಳ್ಳುತ್ತಿತ್ತು. ಒದ್ದೆ ಮರಳಿನಲ್ಲಿ ಕಾಲು ಹೂತುಹೋಗುತ್ತಿತ್ತು. ಕಿತ್ತು ಇಟ್ಟರೆ ಮತ್ತೆ ಅದೇ ಕತೆ. ಎರಡೂ ಕಡೆ ಕಂದು ಬಣ್ಣದ ಕಡಲಪಾಚಿ ರಾಶಿರಾಶಿಯಾಗಿ ಬಿದ್ದು ನಾರುತ್ತಿತ್ತು. ದೂರದ ಕಾನಮಾರಾ ಬೆಟ್ಟಗಳನ್ನು ಮೋಡ ಆಗಲೇ ಅರ್ಧ ನುಂಗಿತ್ತು. ಮಳೆ ಸುರಿಯಲೂ ಇಲ್ಲ, ನಿಲ್ಲಲೂ ಇಲ್ಲ, ಸುಮ್ಮನೆ ಮುಖಕ್ಕೆ ಅಂಟಿಕೊಂಡೇ ಇತ್ತು. ದ್ವೀಪ ಹತ್ತಿದ ಮೇಲೆ ಮುಳ್ಳುಪೊದೆ, ಅದಾದ ಮೇಲೆ ಜಾರುವ ಬಂಡೆ. ಈ ವಯಸ್ಸಿಗೆ ನನಗಿದೆಲ್ಲ ಬೇಕಿತ್ತಾ ಅಂತ ವೇದಾವತಿ ತನ್ನನ್ನೇ ಬೈದುಕೊಂಡಳು.

ಚಾವಣಿ ಇಲ್ಲದ ಇಗರ್ಜಿ ಕಡಲಿಗೆ ಮುಖ ಮಾಡಿ ನಿಂತಿತ್ತು. ಒಂದು ಗೋಡೆಯನ್ನು ಹೋದ ಚಳಿಗಾಲದ ಅಲೆಗಳು ತಿಂದಿದ್ದವು. ವೇದಾವತಿ ಹೊಸ್ತಿಲಲ್ಲಿ ಬೂಟು ಕಾಲುಚೀಲ ಕಳಚಿ ಒಳಗೆ ಹೋದಳು. ಪ್ರಹ್ಲಾದನೂ ಕಳಚಿದ. ಯಾಕೆಂದು ಇಬ್ಬರೂ ಯೋಚಿಸಲಿಲ್ಲ. ದೇವರಿದ್ದ ಜಾಗಕ್ಕೆ ಬೂಟು ಹಾಕಿಕೊಂಡು ಹೋಗುವುದುಂಟೇ!

"ನಮ್ಮಲ್ಲಿ ಇಗರ್ಜಿಗೆ ಶೂ ಹಾಕಿಯೇ ಹೋಗುವುದು ಮಾರಾಯ್ರೆ," ಅಂತ ನಕ್ಕು ಜೋಯಲ್ ಹಾಗೇ ಬಂದ.

ಮೂವರೂ ಕೈಯಿಂದಲೇ ಮರಳು ಬಗೆದರು. ಸೊಂಟದೆತ್ತರದ ಬೂದು ಕಲ್ಲು ಹೊರಬಂತು. ಪ್ರಹ್ಲಾದ ಫೋಟೋ ತೆಗೆದು ನೋಡಿದ. ಬರೀ ಬೂದು.

"ಇದಕ್ಕೆ ನಮ್ಮ ಹಳೇ ವಿದ್ಯೇನೇ ಬೇಕು," ಅಂದಳು ವೇದಾವತಿ. ಹರೆಯದಲ್ಲಿ ಅವಳು ಊರೂರು ಅಲೆದು ಶಾಸನಗಳ ಅಚ್ಚು ತೆಗೆದವಳು. ಕಲ್ಲಿಗೆ ಒದ್ದೆ ಕಾಗದ ಹಾಸಿ, ಗಡುಸು ಬ್ರಷ್ಷಿನಿಂದ ತಟ್ಟಿ ತಟ್ಟಿ ಕಾಗದವನ್ನು ಅಕ್ಷರದ ಗುಳಿಗಳಿಗೆ ಇಳಿಸಿದಳು. ಮೇಲೆ ಮಸಿ ಹಚ್ಚಿದ ಬಟ್ಟೆಯುಂಡೆ ಒತ್ತಿದಾಗ ಕಪ್ಪಿನ ನಡುವೆ ಬಿಳಿ ಗೆರೆಗಳು ಎದ್ದವು. ಒಣಗುವ ತನಕ ಕಾಗದ ಕಲ್ಲಿನ ಮೇಲೇ ಇರಬೇಕು, ಇಲ್ಲದಿದ್ದರೆ ಹರಿದುಹೋಗುತ್ತದೆ.

"ಇಲ್ಲಿ ಏನಕ್ಕ ಒಣಗತ್ತೆ? ನನ್ನ ಟವೆಲ್ಲೇ ವಾರದಿಂದ ಒಣಗಿಲ್ಲ," ಅಂದ ಪ್ರಹ್ಲಾದ.

ಅಷ್ಟರಲ್ಲಿ ಗೋಡೆಗೆ ಅಲೆ ಬಡಿಯಿತು.

"ನೀರು!" ಜೋಯಲ್ ಕೂಗಿದ. ಹೊಸ್ತಿಲು ನೀರಲ್ಲಿ ಮುಳುಗಿತ್ತು. ನಾಲ್ಕು ಬೂಟುಗಳು ತೇಲುತ್ತಾ ಕುಣಿಯುತ್ತಾ ದೂರ ಸಾಗುತ್ತಿದ್ದವು.

"ಅಯ್ಯೋ, ಹೋದ ತಿಂಗಳು ತಗೊಂಡಿದ್ದು ಕಣೋ!" ಪ್ರಹ್ಲಾದ ಬಾಯಿ ಬಡಿದುಕೊಂಡ.

"ಬೂಟು ಬಿಡು! ಕಾಗದ ಹಿಡ್ಕೋ!" ವೇದಾವತಿ ಗದರಿದಳು.

ಅವಳು ಕಾಗದವನ್ನು ಮೂಲೆಯಿಂದ ಎತ್ತಿದಳು. ಪರ್ ಅಂದಿತು. ಉಸಿರು ಹಿಡಿದಳು. ಮತ್ತೊಂದು ಅಲೆ ಬಂದು ಮೊಣಕಾಲು ನೆನೆಸಿತು. ಇಷ್ಟಿಷ್ಟೇ ಬಿಡಿಸಿದಳು, ಹಸುಗೂಸನ್ನು ತೊಟ್ಟಿಲಿನಿಂದ ಎತ್ತುವ ಹಾಗೆ. ಅಂಚು ಹರಿಯಿತು, ನಡು ಉಳಿಯಿತು. ಓದುವುದಕ್ಕೆ ಹೊತ್ತೆಲ್ಲಿ? ಸುತ್ತಿ, ಜೊತೆಗೆ ತಂದಿದ್ದ ಪ್ಲಾಸ್ಟಿಕ್ ಕೊಳವೆಗೆ ಹಾಕಿ ಮೂವರೂ ಓಡಿದರು.

ಬಂಡೆಗಂಟಿದ ಚೂಪು ಚಿಪ್ಪುಗಳು ಅವಳ ಪಾದ ಸೀಳಿದವು. ಪ್ರಹ್ಲಾದ ಉಣ್ಣೆ ಟೋಪಿ, ಮಫ್ಲರು ಕಾಲಿಗೆ ಸುತ್ತಿಕೊಂಡು ಕುಂಟಿದ. ಮರಳಿನ ದಾರಿಯ ನಡುವೆ ಆಗಲೇ ನೀರು ಹರಿಯುತ್ತಿತ್ತು. ವೇದಾವತಿ ಕುಸಿದು ಕೂತಳು.

"ಆಗಲ್ಲ ಜೋಯಲ್. ಕೊಳವೆ ತಗೊಂಡು ನೀವು ಹೋಗಿ."

"ಎಂತ ಮಾತಾಡ್ತೀರಿ! ಬೆನ್ನು ಹತ್ತಿ."

"ನಾನು ಭಾರ ಕಣೋ."

"ಗೊತ್ತುಂಟು. ಹತ್ತಿ."

ನೀರು ಅವನ ಸೊಂಟಕ್ಕೆ ಬಂತು, ಎದೆಗೆ ಬಂತು. ಒಮ್ಮೆ ಮುಗ್ಗರಿಸಿದ. ಬೂಟು ಮರಳನ್ನು ಕಚ್ಚಿಕೊಂಡಿತು. ವೇದಾವತಿ ಕೊಳವೆಯನ್ನು ತಲೆಯ ಮೇಲೆ ಎತ್ತಿ ಹಿಡಿದು, ಗೊತ್ತಿದ್ದ ದೇವರನ್ನೆಲ್ಲ ಕರೆದಳು. ದಡ ಸಿಕ್ಕಾಗ ಮೂವರೂ ಹುಲ್ಲಿನ ಮೇಲೆ ಬಿದ್ದುಕೊಂಡರು.

ಬಿರುಗಾಳಿ ಬಂದು ಹೋಯಿತು. ಇಗರ್ಜಿಯ ಇನ್ನೊಂದು ಗೋಡೆ, ಅದರ ಜೊತೆ ಕಲ್ಲು, ಕಡಲಿಗೆ ಸೇರಿದವು.

ಕಾಗದ ವೇದಾವತಿಯ ಅಡುಗೆಮನೆಯ ಹೀಟರಿನ ಎದುರು ಒಣಗಿತು. ಆಸ್ಪತ್ರೆಯಲ್ಲಿ ಅದನ್ನು ಅಜ್ಜನ ತೊಡೆಯ ಮೇಲೆ ಹರಡಿ, ಬೆರಳಿಟ್ಟು ನಿಧಾನವಾಗಿ ಓದಿದಳು. ಒಂದು ಸಾಲು ಪೂರ್ತಿ ಅಳಿಸಿಹೋಗಿತ್ತು. ಉಳಿದದ್ದು ಇಷ್ಟು: 'ನನ್ನಣ್ಣ ಪ್ಯಾಟ್ರಿಕ್. ಕೆರೊಲಿನಾದ ಕ್ಯಾಮ್ಡನ್ ಕಾಳಗದಲ್ಲಿ ಗಾಯಗೊಂಡ ನನ್ನನ್ನು ಹೊತ್ತು ತಂದ. ಅವನನ್ನು ಮನೆಗೆ ಹೊತ್ತು ತರಲು ನನ್ನಿಂದಾಗಲಿಲ್ಲ.'

ಕೋಲ್ಮ್ ಅಜ್ಜ ಆ ಸಾಲುಗಳ ಮೇಲೆ ಬೆರಳಾಡಿಸಿದ. ಅತ್ತ. ಆಮೇಲೆ ಅವಳ ಬ್ಯಾಂಡೇಜಿನ ಕಾಲು ಕಣ್ಣಿಗೆ ಬಿತ್ತು.

"ನಿನ್ನನ್ನ ದಾಟಿಸಿದ್ದು ಯಾರು?"

ವೇದಾವತಿ ಬಾಗಿಲ ಕಡೆ ತೋರಿಸಿದಳು. ಜೋಯಲ್ ಸೊಂಟಕ್ಕೆ ಕೈಕೊಟ್ಟು ನಿಂತಿದ್ದ. "ಗ್ರ್ಯಾಂಡ್, ನಾನು ಗ್ರ್ಯಾಂಡ್," ಅಂದ, ಐರಿಷರು 'ಏನೂ ಆಗಿಲ್ಲ' ಅನ್ನುವ ಹಾಗೆ, ಮುಖ ಹಿಂಡಿಕೊಂಡೇ.

ಅಜ್ಜ ಕಣ್ಣೊರೆಸಿಕೊಂಡು ಫೋನಿಗೆ ಕೈ ಚಾಚಿದ. ಅವನ ಮೊಮ್ಮಗಳಿಗೆ ದಿನ ತುಂಬಿತ್ತು.

"ಗಂಡು ಹುಟ್ಟಿದ್ರೆ," ಅಂದ, "ಹೆಸರು ಹುಡುಕೋದು ಬೇಡ, ನಮ್ಮನೇಲಿ ಯಾರಿಗೂ ಇಡದ ಹೆಸರೊಂದು ಕಾಯ್ತಾ ಇದೆ ಅಂತ ಹೇಳ್ತೀನಿ."