ಆರನೇ ಸಾಲಿನ ಬೆರಳು

"ಇದನ್ನ ಮೀನು ಅಂದ್ರೆ ನಂಗೆ ಕೆಟ್ಟ ಕೋಪ ಬರುತ್ತೆ," ಎಂದು ಅವನು ಮೊದಲ ದಿನವೇ ಗದರಿಸಿದ್ದ.

ಮ್ಯೂಸಿಯಂನ ನೆಲಮಾಳಿಗೆಯಲ್ಲಿ ಕಲ್ಲಿನಿಂದ ಪಳೆಯುಳಿಕೆ ಬಿಡಿಸುವ ಕೆಲಸ ಅವಳದು. ಕೂದಲಿಂದ ಕಾಲಿನವರೆಗೆ ಧೂಳು, ಹಾಗಾಗಿ ಎಲ್ಲರ ಬಾಯಲ್ಲೂ ಅವಳು ಧೂಳಕ್ಕ. ಮೇಜಿನ ಮೇಲೆ ಮಲಗಿದ್ದದ್ದು ಇಕ್ತಿಯೋಸಾರ್. ಡೈನೋಸಾರ್‌ಗಳ ಕಾಲದಲ್ಲಿ ಕಡಲಲ್ಲಿ ಮೆರೆದ, ಮೀನಿನ ಮೈಕಟ್ಟಿನ ಸರೀಸೃಪ. ಅದನ್ನು ಅಭ್ಯಾಸ ಮಾಡಲು ಬಂದ ಸಂಶೋಧಕ ಅವನು.

"ಊಟದ ತಟ್ಟೆಯಷ್ಟು ಕಣ್ಣು! ಏನ್ ನೋಡ್ತಿತ್ತೋ ಪಾಪ," ಎಂದಳು.

"ನಾನೀಗ ನೋಡ್ತಿದ್ದೀನಲ್ಲ, ಹಾಗೆ."

"ಡಾಕ್ಟ್ರೇ, ಮೂಳೆ ಈ ಕಡೆ ಇದೆ."

ಅವನು ನಕ್ಕ. ನಕ್ಕರೆ ಒಂದೇ ಕೆನ್ನೆಯಲ್ಲಿ ಗುಳಿ ಬೀಳುತ್ತಿತ್ತು. ಹಾಳಾದ್ದು, ಆ ಗುಳಿಯಲ್ಲೇ ಅವಳು ಬಿದ್ದದ್ದು.

"ಇದಕ್ಕೆ ಕಿವಿರಿಲ್ಲ, ಗೊತ್ತಾ? ಎಷ್ಟೇ ಆಳಕ್ಕೆ ಹೋದ್ರೂ ಉಸಿರಿಗೆ ಮೇಲೆ ಬರ್ಲೇಬೇಕು. ನಂಗೆ ಈ ನೆಲಮಾಳಿಗೆ ಹಾಗೆ," ಎನ್ನುತ್ತಿದ್ದ. ಒಮ್ಮೆ ದೀಪ ಆರಿಸಿ ನೇರಳೆ ಟಾರ್ಚಿನ ಬೆಳಕನ್ನು ಅವಳ ಕೈಮೇಲೆ ಬಿಟ್ಟ. ಮೂಳೆ ಅಂಟಿಸುವ ಅಂಟು ಆ ಬೆಳಕಿಗೆ ನೀಲಿಯಾಗಿ ಹೊಳೆಯುತ್ತದೆ. "ನೋಡು, ನಿನ್ನ ಬೆರಳ ತುದೀಲೆಲ್ಲ ಬೆಳದಿಂಗಳು," ಎಂದು ಒಂದೊಂದೇ ಬೆರಳನ್ನು ಎಣಿಸಿದ. ಎಣಿಕೆ ಮುಗಿಯಲೇಬಾರದು ಅನ್ನಿಸಿತ್ತು ಅವಳಿಗೆ.

ಆ ಪ್ರಾಣಿಯ ಈಜುಗಾಲಿನಲ್ಲಿ ಬೆರಳೆಲುಬಿನ ಆರು ಸಾಲು. ಅದರ ಬಂಧುಗಳಿಗೆಲ್ಲ ಐದೇ. ಅಂದರೆ ಇದು ಹೊಸ ಜಾತಿ, ಹೆಸರಿಡುವ ಹಕ್ಕು ಅವನದು.

"ನಿನ್ನ ಹೆಸರೇ ಇಡೋದು. ಒಂದ್ಸಲ ಅಚ್ಚಾದ್ರೆ ಮುಗೀತು. ನಾಳೆ ಇಂಥ ಪ್ರಾಣೀನೇ ಇರ್ಲಿಲ್ಲ ಅಂತ ಗೊತ್ತಾದ್ರೂ ಹೆಸರು ಅಳ್ಸೋಕಾಗಲ್ಲ, ತಪ್ಪುಗಳ ಪಟ್ಟೀಲಿ ಶಾಶ್ವತವಾಗಿ ಕೂತಿರುತ್ತೆ."

ಅಂದು ಮನೆಯ ಕನ್ನಡಿಯ ಮುಂದೆ ತನ್ನ ಹೆಸರಿಗೆ ಲ್ಯಾಟಿನ್ ಬಾಲ ಅಂಟಿಸಿ ಹೇಳಿ ನೋಡಿದಳು. "ಏನೇ ಅದು, ಒಬ್ಬಳೇ ಗೊಣಗ್ತಿದ್ದೀಯ?" ಎಂದು ಅಮ್ಮ ಇಣುಕಿದರು.

ಲೇಖನ ಅಚ್ಚಿಗೆ ಹೋಗುವ ಹಿಂದಿನ ದಿನ ಹಳೆಯ ಡ್ರಾಯರಿನಲ್ಲಿ, ಪ್ರಾಣಿ ಸಿಕ್ಕಿದ್ದ ಕಲ್ಲುಗಣಿಯ ಫೋಟೋ ಸಿಕ್ಕಿತು. ಒಂದೇ ಗುಂಡಿಯಲ್ಲಿ ಎರಡು ಪ್ರಾಣಿ. ಆ ಆರನೇ ಸಾಲು ಬಿದ್ದಿದ್ದದ್ದು ಎರಡನೆಯದರ ಪಕ್ಕದಲ್ಲಿ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಮೂಳೆಯ ಟ್ರೇ ಅದಲುಬದಲು ಮಾಡಿ ಅದನ್ನು ಈ ಈಜುಗಾಲಿಗೆ ಅಂಟಿಸಿದ್ದು ಅವಳದೇ ಕೈ. ಹೊಸ ಜಾತಿಯೂ ಇಲ್ಲ, ಎಂಥದೂ ಇಲ್ಲ. ಅವನ ಮಾನ ಹೋಗುತ್ತದೆಂದು ಫೋಟೋ ಹಿಡಿದು ಮೆಟ್ಟಿಲು ಹತ್ತಿ ಓಡಿದಳು.

ಪಡಸಾಲೆಯಲ್ಲಿ ಬೋರ್ಡ್ ಬರೆಯುವವನು ಪ್ರಾಣಿಯ ಹೆಸರಿನ ಫಲಕ ಒಣಗಲು ಇಟ್ಟಿದ್ದ. ಅದರಲ್ಲಿದ್ದದ್ದು ಮ್ಯೂಸಿಯಂ ನಿರ್ದೇಶಕರ ಮಗಳ ಹೆಸರು.

"ಡಾಕ್ಟ್ರು ಸಾಹೇಬ್ರ ಅಳಿಯ ಆಗ್ತಾರಂತಲ್ಲ, ನಿಂಗೊತ್ತಿಲ್ವಾ ಧೂಳಕ್ಕ?"

ಅವಳು ಫೋಟೋವನ್ನು ಏಪ್ರನ್ನಿನ ಜೇಬಿಗೆ ತುರುಕಿ ಅವನ ಕೋಣೆಗೆ ಹೋದಳು.

"ಹೆಸರು ಅದೇ ತಾನೇ, ಡಾಕ್ಟ್ರೇ?"

"ಇನ್ಯಾವ್ದು?" ಅವನು ಅವಳ ಕಿವಿಯ ಮೇಲಿನ ಧೂಳನ್ನು ಮೆಲ್ಲಗೆ ಕೊಡವಿದ. ಕೆನ್ನೆಯಲ್ಲಿ ಅದೇ ಗುಳಿ. "ಏನೋ ಹೇಳೋಕೆ ಬಂದೆಯಲ್ಲ?"

ಆಗಲಾದರೂ ಅವನು ನಿಜ ಹೇಳಿದ್ದರೆ ಅವಳು ಅತ್ತುಕೊಂಡಾದರೂ ಅವನನ್ನು ಉಳಿಸುತ್ತಿದ್ದಳು, ಅಂಥ ಹುಚ್ಚು ಅವಳದು.

"ಮರೆತೇ ಹೋಯ್ತು," ಎಂದಳು.

ಲೇಖನ ಅಚ್ಚಾಯಿತು. ಪ್ರದರ್ಶನದ ದಿನ ಹಾಲ್ ತುಂಬ ಚಪ್ಪಾಳೆ. ನಿರ್ದೇಶಕರ ಮಗಳು ತನ್ನ ಹೆಸರಿನ ಫಲಕದ ಪಕ್ಕ ನಿಂತು ಫೋಟೋ ತೆಗೆಸಿಕೊಂಡಳು. ಜನ ಚದುರಿದ ಮೇಲೆ ಅವನು ಧೂಳಕ್ಕನ ಹತ್ತಿರ ಬಂದ.

"ನನ್ ಕೆಲಸ ಖಾಯಂ ಆಗ್ಬೇಕಿತ್ತು ಕಣೇ. ಹೊಟ್ಟೆಗೆ ಹಾಕ್ಕೋ. ಪ್ರೀತಿ ಮಾತ್ರ ನಿನ್ನ ಮೇಲೇನೆ. ಈಗ್ಲೂ."

ಒಂದು ವರ್ಷ ಕಾದಿದ್ದ ಮಾತು ಅದು. ಕೇಳಿ ಅವಳಿಗೆ ಹೇಸಿಗೆಯಾಯಿತು, ಖುಷಿಯೂ ಆಯಿತು, ಆ ಖುಷಿಗೆ ತನ್ನ ಮೇಲೇ ಹೇಸಿಗೆಯಾಯಿತು.

"ಕೆಲಸ ಬಿಟ್ಟಿದ್ದೀನಿ. ಇದು ನಿಮ್ಮ ಮದುವೆಗೆ," ಎಂದು ಪುಟ್ಟ ಡಬ್ಬಿ ಕೊಟ್ಟಳು. ಒಳಗೆ ನೇರಳೆ ಟಾರ್ಚ್, ಅದರಡಿ ಹಳೆಯ ಫೋಟೋ. "ದೀಪ ಆರಿಸಿ ಆರನೇ ಸಾಲಿನ ಮೇಲೆ ಬಿಡಿ. ನನ್ನ ಬೆರಳು ನೆನಪಾಗುತ್ತೆ."

ಅವನ ಕಣ್ಣು ತುಂಬಿ ಬಂತು, ಪೆದ್ದನಿಗೆ. ದೀಪ ಆರಿಸಿದ ಸ್ವಿಚ್ಚಿನ ಸದ್ದು ಕೇಳುವ ಹೊತ್ತಿಗೆ ಅವಳು ಮೆಟ್ಟಿಲಿಳಿಯುತ್ತಿದ್ದಳು. ಆರನೇ ಸಾಲು ಮಾತ್ರ ತುದಿಯಿಂದ ಬುಡದವರೆಗೆ ಅಂಟಿನ ನೀಲಿಯಲ್ಲಿ ಹೊಳೆದಿರಬೇಕು. ಆಮೇಲೆ ಅವನು ಕೂಗಿದ. ಧೂಳಕ್ಕ ಎಂದಲ್ಲ, ಮೊದಲ ಬಾರಿಗೆ ಅವಳ ನಿಜವಾದ ಹೆಸರು ಹಿಡಿದು.

ಅವಳು ತಿರುಗಲಿಲ್ಲ. ಕೊನೆಯ ಮೆಟ್ಟಿಲಲ್ಲಿ ಕೂತು ಬಿಕ್ಕಿ ಬಿಕ್ಕಿ ಅತ್ತಳು. ಆಮೇಲೆ ಮುಖ ಒರೆಸಿಕೊಂಡು ಬಸ್ ಹಿಡಿಯಲು ಹೋದಳು.