ನೀ ಹೂಂ ಅನ್ನೂತನಾ

"ನೀ ಹೂಂ ಅನ್ನೂತನಾ ಈ ದನಿ ಯಾರ ಕಿವಿಗೂ ಬೀಳೂದಿಲ್ಲ, ಸೌಮ್ಯಾ. ನಿನ್ನಾಣಿ!"

ಹನ್ನೊಂದು ವರ್ಷದ ಹಿಂದೆ, ಧಾರವಾಡದ ಸಪ್ತಾಪುರದ ಒಂದು ಬಾಡಿಗೆ ಕೋಣೆಯಲ್ಲಿ ಅಮರೇಶ ಕೊಟ್ಟ ಮಾತು ಅದು, ಅವಳು ಒಪ್ಪುವ ತನಕ ಎಂದು. ಅವನು ಹಾರ್ಮೋನಿಯಂ ನುಡಿಸುವವನು. ಆದರೆ ಹಾಡುವುದನ್ನು ಕಲಿಸುವ ಸಾಫ್ಟ್‌ವೇರ್ ಮಾಡಬೇಕೆಂಬ ಹುಚ್ಚು ಹತ್ತಿತ್ತು. ಅವನ ಕಂಪ್ಯೂಟರಿಗಾಗಿ ಅವಳು ತೋಡಿ ರಾಗ ಹಾಡಿದ್ದಳು... ಕದ್ದು!

ಕದ್ದು ಏಕೆಂದರೆ, ಅವಳ ಗುರುವೂ ಆಗಿದ್ದ ಅಜ್ಜ ಮುರುಗೆಪ್ಪನವರು ಮನೆಯ ಸಂಗೀತವನ್ನು ಯಾವ ಯಂತ್ರಕ್ಕೂ ಕೊಡಬಾರದು ಎಂದು ಕಟ್ಟಪ್ಪಣೆ ಮಾಡಿದ್ದರು. ಸೌಮ್ಯಾಳ ಹಾಡು ರೆಕಾರ್ಡ್ ಆದದ್ದು ಬದುಕಿನಲ್ಲಿ ಅದೊಂದೇ ಸಲ.

ಅವತ್ತೇ ಅವನು ಇನ್ನೊಂದು ಪ್ರಶ್ನೆಯನ್ನೂ ಕೇಳಿದ್ದ. "ಮನಿಗೆ ಬಂದು ಅಜ್ಜಾರನ್ನ ಕೇಳ್ಲೇನು?"

ಅವಳು ನಕ್ಕು ತಲೆ ತಗ್ಗಿಸಿದ್ದಳು. ಹೂಂ ಅಂದಿರಲಿಲ್ಲ. ವಾರದೊಳಗೆ ಅಜ್ಜನಿಗೆ ಎಲ್ಲ ತಿಳಿಯಿತು. "ಯಂತ್ರಕ್ಕ ಸ್ವರಾ ಕಲಸಾವಗ ನಮ್ಮ ಹುಡುಗಿ ಇಲ್ಲ" ಎಂದರು. ಅವಳು ಫೋನ್ ನಂಬರು ಬದಲಿಸಿದಳು.

ಇವತ್ತು ಅಜ್ಜ ಇಲ್ಲ. ಅವಳ ದನಿಯೂ ಇಲ್ಲ.

ಎರಡು ವರ್ಷದ ಹಿಂದೆ ಗಂಟಲಿನ ಗಂಟು ತೆಗೆದಾಗ ಜೀವ ಉಳಿಯಿತು, ಹಾಡು ಹೋಯಿತು. ಉಳಿದದ್ದು ಹರಿದ ಅರಿವೆಯಂಥ ಪಿಸುದನಿ ಮಾತ್ರ. ಕೆಲಗೇರಿಯ ಮನೆಯಲ್ಲಿ ಹಾರ್ಮೋನಿಯಂ ಒತ್ತಿ ಒತ್ತಿ ಪಾಠ ಹೇಳುತ್ತಿದ್ದಳು. ಶಿಷ್ಯೆಯರು ಒಬ್ಬೊಬ್ಬರಾಗಿ ಬಿಡುತ್ತಿದ್ದರು.

ಇವತ್ತು ಮುಂಜಾನೆ ನಾಗರತ್ನಾ ಎಂಬ ಶಿಷ್ಯೆ ಫೋನ್ ತೋರಿಸಿ, "ಟೀಚರ್, ಇನ್ನ ಮ್ಯಾಲೆ ನಾ ಈ ಆ್ಯಪ್‌ನ್ಯಾಗ ಕಲೀತೇನ್ರಿ. ಬ್ಯಾಸರಾ ಮಾಡ್ಕೋಬ್ಯಾಡ್ರಿ. ಇದರಾಗೂ ನೀವ ಅದೀರಲ್ಲ! ನಿಮ್ಮ ಹಳೇ ದನಿ!" ಎಂದಿದ್ದಳು.

ಸೌಮ್ಯಾ ಫೋನನ್ನು ಕಿವಿಗೆ ಒತ್ತಿ ಹಿಡಿದಳು. ತೋಡಿಯ ಕೋಮಲ ರಿಷಭ ಸ್ವರ, ತುಸು ಇಳಿಸಿ, ತೂಗಿ... ಅದು ಅಜ್ಜನ ಮನೆಯಲ್ಲಿ ಮಾತ್ರ ಹಾಗೆ ಹಾಡುತ್ತಿದ್ದದ್ದು. ಕೆಳಗೆ ಆ್ಯಪ್ ಮಾಡಿದವನ ಹೆಸರು. ಅಮರೇಶ. ಬೆಂಗೇರಿ, ಹುಬ್ಬಳ್ಳಿ.

ನನ್ನ ದನಿಯನ್ನೇ ಮಾರಿ, ನನ್ನ ಶಿಷ್ಯೆಯರನ್ನೇ ಎಳೆದುಕೊಂಡೆಯಾ?!

ಬಸ್ಸು ಹತ್ತಿದಳು. ಬೆಂಗೇರಿಯಲ್ಲಿ ಹಿಟ್ಟಿನ ಗಿರಣಿಯ ಮೇಲಿನ ಕೋಣೆ. ಮೆಟ್ಟಿಲ ತುಂಬ ಹಿಟ್ಟಿನ ಧೂಳು. ಬಾಗಿಲು ತೆರೆದವನ ಕಿವಿಯ ಬಳಿ ಕೂದಲು ಬೆಳ್ಳಗಾಗಿತ್ತು.

"ಸೌಮ್ಯಾ?!"

"ಯಾಕ ಹಿಂಗ ಮಾಡಿದಿ?"

"ಏನಂದಿ? ಗಿರಣಿ ಸಪ್ಪಳದಾಗ ಏನೂ ಕೇಳವಲ್ದು. ಜರಾ ಜೋರ ಮಾತಾಡು!"

ಅವಳ ಕಣ್ಣು ತುಂಬಿ ಬಂತು. ಬಾಯಿ ತೆರೆದಳು. ಗಾಳಿಯಷ್ಟೇ ಬಂತು. ಅವನ ತೋಳು ಹಿಡಿದು ಜಗ್ಗಿ, ಅವನ ಕಿವಿಗೇ ಬಾಯಿ ಇಟ್ಟಳು.

"ಇಷ್ಟ ಉಳದದ್ದು. ಇದರಕಿಂತ ಜೋರ ಬರೂದಿಲ್ಲ."

ಅಮರೇಶ ಅವಳನ್ನು ಒಳಗೆ ಕರೆದು ಬಾಗಿಲು ಹಾಕಿದ. "ಯಾವಾಗ... ಸೌಮ್ಯಾ, ಯಾವಾಗ ಆತು ಇದು?"

ಅವಳು ಫೋನಿನಲ್ಲಿ ಆ್ಯಪ್ ಹಚ್ಚಿ ಅವನ ಮುಖದ ಮುಂದೆ ಹಿಡಿದು, ಮತ್ತೆ ಅವನ ಕಿವಿಗೇ ಬಾಗಿದಳು. "ನನ್ನಾಣಿ ಮಾಡಿದ್ದಿ! ಹೂಂ ಅಂದಿದ್ನೇನು ನಾ?"

ಅವನು ಅವಳನ್ನೇ ನೋಡುತ್ತ ಕಂಪ್ಯೂಟರಿನ ಮುಂದೆ ಕೂತ. ಒಂದು ರೆಕಾರ್ಡಿಂಗ್ ತೆರೆದು ಹೆಡ್‌ಫೋನನ್ನು ಅವಳ ಕಿವಿಗಿಟ್ಟ.

ಮೊದಲು ಒಂದು ಕೆಮ್ಮು. ಆಮೇಲೆ ನಗು. "ಸರ್, ನಾನ್ರೀ, ಮಹೆಕ. ಗಿರಣಿ ಬಂದ್ ಆಗೇತಿ, ಲಗೂ ಚಾಲೂ ಮಾಡ್ರಿ! ಟೀಚರ್‌ಗೆ ಮಾತ್ರ ಹೇಳಬ್ಯಾಡ್ರಿ. ಅವರ ಮನ್ಯಾಗ ರೆಕಾರ್ಡಿಂಗ್ ಅಂದ್ರ ಸಿಟ್ಟಿಗೇಳ್ತಾರ." ಮರುಕ್ಷಣವೇ ತೋಡಿ. ಅದೇ ರಿಷಭ.

ಮಹೆಕ! ಆರು ವರ್ಷ ತನ್ನೆದುರು ಕೂತು ಕಲಿತ ಹುಡುಗಿ. ಮದುವೆಯಾಗಿ ಹುಬ್ಬಳ್ಳಿಗೆ ಹೋಗಿ ಮೂರು ವರ್ಷ. ಆಮೇಲೆ ಭೇಟಿಯೇ ಇಲ್ಲ; ಟೀಚರ್ ದನಿ ಹೋದದ್ದೂ ಅವಳಿಗೆ ಗೊತ್ತಿರಲಿಲ್ಲ.

"ಮೂವತ್ತು ಮಂದಿ ಕಡಿಂದ ಹಾಡಿಸಿ ನೋಡಿದೆ," ಅಮರೇಶ ಅವಳ ಕಿವಿಯ ಹತ್ತಿರ ಬಾಗಿ ಹೇಳಿದ. "ಈಕಿ ರಿಷಭ ಹಚ್ಚಿದ ಕೂಡ್ಲೆ ಸಾಫ್ಟ್‌ವೇರ್ ಕೆಂಪು ದೀಪಾ ತೋರಿಸ್ತು. ಸ್ವರಾ ತಪ್ಪು ಅಂತ! ನಾ ಎರಡು ತಿಂಗಳು ಕುಂತು ಸಾಫ್ಟ್‌ವೇರ್ ತಿದ್ದಿದೆ. ಸ್ವರಾ ತಿದ್ದಲಿಲ್ಲ. ಅದು ನಿಂದಲ್ಲಾ?"

ಸೌಮ್ಯಾ ಹೆಡ್‌ಫೋನ್ ತೆಗೆದಿಟ್ಟು ಕುರ್ಚಿಯಲ್ಲಿ ಕೂತಳು. ಶಿಷ್ಯೆಯ ದನಿಯನ್ನು ತನ್ನದೆಂದುಕೊಂಡೆನೇ... ನನ್ನ ದನಿ ಹೇಗಿತ್ತು ಎಂಬುದೇ ನನಗೆ ಮರೆತುಹೋಯಿತೇ?

"ಅಮರೇಶ..." ಬಾಗಿದ ಅವನ ಕಿವಿಗೇ ಪಿಸುಗುಟ್ಟಿದಳು. "ನಂದು ಕೇಳಸು. ಹೂಂ ಅನ್ನಾಕತ್ತೇನಿ. ಒಂದ ಸಲ ಕೇಳತೇನಿ... ಸಾಕು."

ಅವನು ಡ್ರಾವರಿನಿಂದ ಅರಿವೆಯಲ್ಲಿ ಸುತ್ತಿದ ಹಾರ್ಡ್‌ಡಿಸ್ಕ್ ತೆಗೆದು ಅವಳ ಉಡಿಯಲ್ಲಿಟ್ಟ.

"ಕೆಟ್ಟು ನಾಲ್ಕು ವರ್ಷ ಆತು."

"ಇನ್ನೊಂದು ಪ್ರತಿ?"

"ಮಾಡಲಿಲ್ಲ. ಎಲ್ಲೆರ ಇಟ್ರ ಯಾರರ ಕೇಳಿಬಿಟ್ಟಾರು ಅಂತ."

"ರಿಪೇರಿ?"

"ಕೊಡಾಕ ಹೋಗಿದ್ದೆ. ತಗದಿದ್ದು ಸರಿ ಐತೋ ಇಲ್ಲೋ, ನಾವು ಹಚ್ಚಿ ಕೇಳಬೇಕಾಗ್ತತ್ರಿ ಅಂತ ಅಂಗಡಿಯವ್ರು ಅಂದ್ರು. ವಾಪಸ್ ತಂದೆ. ನಿನ್ನ ಕೇಳಾಕ ಎರಡು ಸಲ ಕೆಲಗೇರಿಗೆ ಬಂದೆ, ಅಜ್ಜಾರು ಬಾಗಲಾ ತಗೀಲಿಲ್ಲ. ಆಮ್ಯಾಲೆ ನಾನ ಮತ್ತ ಮತ್ತ ಚಾಲೂ ಮಾಡಿ ನೋಡಿದೆ... ಡಿಸ್ಕ್ ಒಳಗೆಲ್ಲಾ ಗೀರು ಬಿದ್ದು ಹೋತು. ಈಗ ಯಾರ ಕೈಲೂ ಆಗೂದಿಲ್ಲ. ನೀ ಅಲ್ಲೆ ಹಾಡಕೋತ ಇದ್ದೀ ಅಂತ ತಿಳಕೊಂಡಿದ್ದೆ, ಸೌಮ್ಯಾ! ಡಿಸ್ಕ್ ಹೋದ್ರ ಏನಾತು, ದನಿ ಐತೆಲ್ಲಾ ಅಂತ..."

ಅವಳು ಎರಡೂ ಕೈಯಿಂದ ಅವನ ಎದೆಗೆ ಗುದ್ದಿದಳು.

"ಮುರೀಬೇಕಿತ್ತು ನೀ! ಮಾತು ಮುರೀಬೇಕಿತ್ತು! ಒಂದ ಸಲ... ಒಬ್ಬರಿಗರ ಕೇಳಸಬೇಕಿತ್ತು!"

ಅವನು ತಡೆಯಲಿಲ್ಲ. ಗುದ್ದುವ ಕೈ ದಣಿದು, ಅವನ ಅಂಗಿಯನ್ನೇ ಹಿಡಿದು ನಿಂತಿತು. ಅವಳ ಅಳುವಿಗೂ ದನಿ ಇರಲಿಲ್ಲ.

ಅಷ್ಟರಲ್ಲಿ ಕೆಳಗೆ ಗಿರಣಿ ನಿಂತಿತು. ಊಟದ ಹೊತ್ತು. ಕೋಣೆ ಒಮ್ಮೆಲೇ ಸ್ತಬ್ಧವಾಯಿತು.

ಅಮರೇಶ ಮೆಲ್ಲಗೆ ಮೈಕನ್ನು ಅವಳ ಕಡೆ ತಿರುಗಿಸಿದ. "ಅರ್ಧಾ ತಾಸು ಗಿರಣಿ ಇರೂದಿಲ್ಲ. ಹಾಡ್ತಿ?"

"ಹುಚ್ಚು ಹಿಡದೈತೇನು? ಈ ದನಿ ಯಾರಿಗೆ ಬೇಕು?"

"ನಂಗ ಬೇಕು."

"ಇದು ಸ್ವರಕ್ಕ ಕೂಡೂದಿಲ್ಲೋ..."

"ತಿದ್ದೂದು ನಂಗ ರೂಢಿ ಐತಿ. ಸಾಫ್ಟ್‌ವೇರನ್ನ. ನಿನ್ನಲ್ಲ."

ಅವಳು ಕಣ್ಣು ಮುಚ್ಚಿದಳು. ಷಡ್ಜ ಹಿಡಿದಳು. ಸ್ವರ ಒಡೆಯಿತು. ಮತ್ತೆ ಹಿಡಿದಳು, ಮತ್ತೆ ಒಡೆಯಿತು. ರಿಷಭಕ್ಕೆ ಏರುವಾಗ ಬರೀ ಉಸಿರು... ಆ ಉಸಿರು ಮಾತ್ರ ಸರಿಯಾದ ಜಾಗದಲ್ಲೇ ತೂಗಿತು.

ಅಮರೇಶನ ಕಣ್ಣೀರು ಕೀಬೋರ್ಡಿನ ಮೇಲೆ ಬಿತ್ತು.

"ಇದನ್ನೂ ಯಾರಿಗೂ ಕೇಳಸೂದಿಲ್ಲೇನು?" ಅವಳು ಪಿಸುಗುಟ್ಟಿದಳು.

"ನೀ ಹೂಂ ಅನ್ನೂತನಾ..."

"ಸುಮ್ನಿರು! ಮೊದಲ ನಾಲ್ಕು ಪ್ರತಿ ಮಾಡು. ಮಹೆಕಗೊಂದು ಕಳಸು."

ಅವನು ತಲೆಯಾಡಿಸಿದ. ಆಮೇಲೆ ಮೈಕ್ ಬಂದ್ ಮಾಡಿ ಹೇಳಿದ. "ಆವಾಗ ಇನ್ನೊಂದು ಕೇಳಿದ್ದೆ ನಾ. ಅದಕ್ಕ ನೀ ಇನ್ನೂ ಏನೂ ಅಂದಿಲ್ಲ."

"ಅಜ್ಜ ಇಲ್ಲಲ್ಲೋ. ಯಾರನ್ನ ಕೇಳಾಂವ?"

"ನಿನ್ನ."

ಸೌಮ್ಯಾ ಅವನ ಕಿವಿಗೆ ಬಾಯಿ ಇಟ್ಟಳು.

"ಹೂಂ."

ಹಳೆಯ ದನಿಯ ವಿಷಯದಲ್ಲಿ ಕೊಟ್ಟ ಮಾತನ್ನು ಅಮರೇಶ ಉಳಿಸಿಕೊಂಡಿದ್ದ. ಆ ದನಿಯನ್ನು ಯಾರೂ ಕೇಳಲಿಲ್ಲ.